ಡಿಕ್ಲರೇಶನ್ ದೊಡ್ಡಪ್ಪನ ಹೆಸರಿನಲ್ಲಿ, ಪಾಲು ಕೇಳಿದರೆ "ಸಿವಿಲ್ ಕೋರ್ಟಿಗೆ ಅಧಿಕಾರವೇ ಇಲ್ಲ" ಅಂತಾರೆ. ನಿಜವಾ?

ಕೊಟ್ಟಿಗೆಮನೆ (ಪುತ್ತೂರು ಕಡೆ)

ಎಲ್ಲರಿಗೂ ನಮಸ್ಕಾರ. ವಿಷಯ ಸ್ವಲ್ಪ ಉದ್ದ ಉಂಟು, ದಯವಿಟ್ಟು ಪೂರ್ತಿ ಓದಿ.

ನಮ್ಮ ಅಜ್ಜ ಒಬ್ಬ ಧಣಿಗಳ ಜಾಗವನ್ನು ಚಾಲಗೇಣಿಗೆ ಮಾಡುತ್ತಿದ್ದರು. ಗದ್ದೆ, ಸ್ವಲ್ಪ ಅಡಿಕೆ ತೋಟ, ಒಟ್ಟು 2 ಎಕರೆ 60 ಸೆಂಟ್ಸ್. ವರ್ಷಕ್ಕೆ ಇಷ್ಟು ಮುಡಿ ಅಕ್ಕಿ ಅಂತ ಗೇಣಿ. ಅಜ್ಜ 1971ರಲ್ಲಿ ತೀರಿಕೊಂಡರು. ಅವರಿಗೆ ಮೂವರು ಗಂಡು, ಇಬ್ಬರು ಹೆಣ್ಣು ಮಕ್ಕಳು. ಅಜ್ಜ ಹೋದ ಮೇಲೆ ಗೇಣಿ ಚೀಟಿ ದೊಡ್ಡಪ್ಪನ ಹೆಸರಿಗೆ ಬರಲಿಕ್ಕೆ ಶುರುವಾಯಿತು. ದೇವರಾಜ ಅರಸರ ಕಾಲದ ಭೂಸುಧಾರಣೆ ಕಾನೂನು ಬಂದಾಗ ಡಿಕ್ಲರೇಶನ್ (ಗೇಣಿ ಜಾಗದ ಹಕ್ಕು ಕೇಳುವ ಅರ್ಜಿ) ಕೊಟ್ಟದ್ದೂ ದೊಡ್ಡಪ್ಪನೇ. 1979ರಲ್ಲಿ ಭೂ ನ್ಯಾಯಮಂಡಳಿ, ಅಂದರೆ ಟ್ರಿಬ್ಯೂನಲ್, ಆದೇಶ ಅವರ ಹೆಸರಿಗಾಯಿತು. ಆಗ ಎಲ್ಲರೂ ಒಂದೇ ಮನೆಯಲ್ಲಿ ಇದ್ದದ್ದು. ನನ್ನ ಅಪ್ಪ ಮುಂಬಯಿಯಲ್ಲಿ ಹೋಟೆಲ್ ಕೆಲಸ ಮಾಡಿ ಮನೆಗೆ ದುಡ್ಡು ಕಳಿಸುತ್ತಿದ್ದರು. ಸರ್ಕಾರಕ್ಕೆ ಪ್ರೀಮಿಯಂ ಕಟ್ಟಿದ್ದು ಆ ದುಡ್ಡಿನಿಂದಲೇ ಅಂತ ಅಮ್ಮ ಹೇಳುತ್ತಾರೆ.

ಈಗ ಅಪ್ಪನೂ ಇಲ್ಲ, ದೊಡ್ಡಪ್ಪನೂ ಇಲ್ಲ. ಆರ್‌ಟಿಸಿ (ಪಹಣಿ) ದೊಡ್ಡಪ್ಪನ ಮಗನ ಹೆಸರಿಗೆ ಆಗಿದೆ. ನಾನು, ಅಮ್ಮ ಮತ್ತು ಒಬ್ಬ ಅತ್ತೆ ಸೇರಿ ಪಾಲಿನ ದಾವೆ ಹಾಕಿದ್ದೇವೆ. ಅವರ ಕಡೆಯ ವಕೀಲರು ಈಗ ಅರ್ಜಿ ಹಾಕಿದ್ದಾರೆ. ಭೂಸುಧಾರಣೆ ಕಾಯ್ದೆಯ 132ನೇ ಕಲಂ ಪ್ರಕಾರ ಸಿವಿಲ್ ಕೋರ್ಟಿಗೆ ಅಧಿಕಾರವೇ ಇಲ್ಲ, ದಾವೆಯನ್ನು ಬಾಗಿಲಲ್ಲೇ ತಿರಸ್ಕರಿಸಿ ಅಂತ. ನಮ್ಮ ವಕೀಲರು "ಹೆದರಬೇಡಿ" ಅಂತಾರೆ, ಯಾಕೆ ಅಂತ ವಿವರಿಸುವುದಿಲ್ಲ. ಗೊತ್ತಿದ್ದವರು ಸ್ವಲ್ಪ ಬಿಡಿಸಿ ಹೇಳಿ.

ನೇತ್ರಾವತಿ ದಡ

ಮೊದಲು ಒಂದು ಪ್ರಶ್ನೆ. ನೀವು ಅಳಿಯಕಟ್ಟಿನವರಾ (ತಾಯಿಯ ಕಡೆಯಿಂದ ಆಸ್ತಿ ಬರುವವರು), ಮಕ್ಕಳಕಟ್ಟಿನವರಾ (ತಂದೆಯಿಂದ ಮಕ್ಕಳಿಗೆ)? ನಮ್ಮ ಜಿಲ್ಲೆಯಲ್ಲಿ ಅದರ ಮೇಲೆ ಪಾಲಿನ ಲೆಕ್ಕವೇ ಬದಲಾಗುತ್ತದೆ.

ಕೊಟ್ಟಿಗೆಮನೆ

ಮಕ್ಕಳಕಟ್ಟು.

ಹಳೇ ಕಪ್ಪುಕೋಟು

ಸಿವಿಲ್ ಕೆಲಸ ಮಾಡಿ ಈಗ ಮನೆಯಲ್ಲಿದ್ದೇನೆ. ನಿಮ್ಮ ದಾವೆಯ ಕಾಗದ ನಾನು ನೋಡಿಲ್ಲ. ಹಾಗಾಗಿ ಕಾನೂನು ಹೇಗೆ ನಿಂತಿದೆ ಅನ್ನುವುದನ್ನಷ್ಟೇ ಹೇಳುತ್ತೇನೆ.

1974ರ ತಿದ್ದುಪಡಿಯ ನಂತರ, 1974 ಮಾರ್ಚ್ 1ರಂದು ಗೇಣಿಯಲ್ಲಿದ್ದ ಜಮೀನೆಲ್ಲ 44ನೇ ಕಲಂ ಪ್ರಕಾರ ಸರ್ಕಾರಕ್ಕೆ ಸೇರಿತು. ಧಣಿಯ ಹಕ್ಕು ಅಲ್ಲಿಗೇ ಮುಗಿಯಿತು. ಆ ದಿನ ಉಳುತ್ತಿದ್ದ ಗೇಣಿದಾರ ಫಾರಂ 7ರಲ್ಲಿ ಅರ್ಜಿ ಹಾಕಬೇಕಿತ್ತು. ನಿಮ್ಮ ಕಡೆ ಡಿಕ್ಲರೇಶನ್ ಅನ್ನುವುದು ಇದನ್ನೇ. ಅರ್ಜಿಯ ಅವಧಿ ವಿಸ್ತರಣೆ ಆಗುತ್ತಾ ಆಗುತ್ತಾ ಕೊನೆಗೆ 1979 ಜೂನ್ 30ಕ್ಕೆ ನಿಂತಿತು. 48ಎ ಕಲಂ ಪ್ರಕಾರ ವಿಚಾರಣೆ ಮಾಡುವುದು ಭೂ ನ್ಯಾಯಮಂಡಳಿ. ಅಸಿಸ್ಟೆಂಟ್ ಕಮಿಷನರ್ ಅಧ್ಯಕ್ಷರು, ಜೊತೆಗೆ ಸರ್ಕಾರ ನೇಮಿಸಿದ ಸದಸ್ಯರು. ಹಕ್ಕು ಸಿಕ್ಕಿ, ಹಣ ಕಟ್ಟಿದ ಮೇಲೆ ಫಾರಂ 10ರಲ್ಲಿ ಸರ್ಟಿಫಿಕೇಟ್.

ಈಗ 132ನೇ ಕಲಂ. ಈ ಕಾಯ್ದೆಯಡಿ ಟ್ರಿಬ್ಯೂನಲ್, ತಹಶೀಲ್ದಾರ್, ಎ.ಸಿ., ಡಿ.ಸಿ. ತೀರ್ಮಾನಿಸಬೇಕಾದ ಪ್ರಶ್ನೆಗೆ ಸಿವಿಲ್ ಕೋರ್ಟ್ ಕೈ ಹಾಕುವಂತಿಲ್ಲ. ಅವರ ಆದೇಶವನ್ನು ಸಿವಿಲ್ ಕೋರ್ಟಿನಲ್ಲಿ ಪ್ರಶ್ನೆ ಮಾಡುವಂತೆಯೂ ಇಲ್ಲ. ಪಕ್ಕದಲ್ಲೇ 133ನೇ ಕಲಂ ಇದೆ. ಯಾವುದೇ ದಾವೆಯಲ್ಲಿ "ಇದು ಕೃಷಿ ಜಮೀನಾ, ಸ್ವಾಧೀನದಲ್ಲಿ ಇದ್ದೇನೆ ಅನ್ನುವವನು 1974 ಮಾರ್ಚ್ 1ಕ್ಕೆ ಮೊದಲಿನಿಂದ ಗೇಣಿದಾರನಾ" ಅನ್ನುವ ಪ್ರಶ್ನೆ ಎದ್ದರೆ, ಕೋರ್ಟ್ ಆ ಪ್ರಶ್ನೆಯ ಮಟ್ಟಿಗೆ ದಾವೆ ನಿಲ್ಲಿಸಿ ಟ್ರಿಬ್ಯೂನಲ್‌ಗೆ ಕಳಿಸಬೇಕು. ಅದೇ ಕಲಮಿನ ಎರಡನೇ ಉಪಕಲಂ ಹೇಳುತ್ತದೆ: ಉಳಿದ ಪ್ರಶ್ನೆಗಳನ್ನು ಕೋರ್ಟ್ ಮುಂದುವರಿಸಬಹುದು. ಈ ಎರಡನೇ ಉಪಕಲಮನ್ನು ವಾದದ ಹೊತ್ತಿನಲ್ಲಿ ಎದುರು ಕಡೆಯವರು ಓದುವುದೇ ಇಲ್ಲ.

ಹಾಗಾದರೆ ಅಣ್ಣ ತಮ್ಮಂದಿರ ನಡುವಿನ ಪಾಲು? ಟ್ರಿಬ್ಯೂನಲ್‌ಗೆ ಪಾಲು ಮಾಡಿಕೊಡುವ ಅಧಿಕಾರ ಈ ಕಾಯ್ದೆಯಲ್ಲಿ ಎಲ್ಲಿಯೂ ಇಲ್ಲ. ಇಲ್ಲದ ಅಧಿಕಾರಕ್ಕೆ ಸಿವಿಲ್ ಕೋರ್ಟಿನ ಬಾಗಿಲು ಮುಚ್ಚುವುದು ಹೇಗೆ? ಸುಪ್ರೀಂ ಕೋರ್ಟಿನ ಬಾಳವ್ವ–ಹಸನಬಿ ತೀರ್ಪು, 2000ದಲ್ಲಿ ವರದಿಯಾದದ್ದು, ಇದನ್ನೇ ಹೇಳಿದೆ. ಟ್ರಿಬ್ಯೂನಲ್ ಯಾವ ಪರಿಹಾರ ಕೊಡಬಲ್ಲದೋ ಅಷ್ಟಕ್ಕೆ ಮಾತ್ರ ಸಿವಿಲ್ ಕೋರ್ಟಿನ ಅಧಿಕಾರ ಹೋಗುತ್ತದೆ. ಪಾಲಿನ ದಾವೆ ನಡೆಯುತ್ತದೆ.

ದೊಡ್ಡಪ್ಪನ ಕಡೆಯವ

ನಾನು ಈ ಕೇಸಿನವನಲ್ಲ, ಆದರೆ ನಮ್ಮ ಮನೆಯಲ್ಲೂ ಹೀಗೇ. ನಾವು ಎದುರು ಕಡೆ, ಅಂದರೆ ಹಕ್ಕು ನಮ್ಮ ತಂದೆ ಹೆಸರಿಗೆ ಆದದ್ದು. ಇಲ್ಲಿ ಎಲ್ಲರೂ ಪಾಲು ಕೇಳುವವರ ಪರ ಮಾತಾಡುತ್ತೀರಿ. ಆಗ ಧಣಿಯ ಎದುರು ನಿಂತದ್ದು ಯಾರು? ಡಿಕ್ಲರೇಶನ್ ಹಾಕಿದರೆ ಗದ್ದೆಗೆ ನೀರು ಬಿಡುವುದಿಲ್ಲ ಅಂತ ಹೆದರಿಸಿದಾಗ ರಾತ್ರಿ ಕಾವಲು ಕಾದದ್ದು ಯಾರು? ಪೇಟೆಗೆ ಹೋದವರು ಐವತ್ತು ವರ್ಷ ಆದ ಮೇಲೆ ಜಾಗಕ್ಕೆ ರೇಟ್ ಬಂತು ಅಂತ ಬರುತ್ತಾರೆ. ಕಾನೂನು ಕೂಡ ನಮ್ಮ ಕಡೆ ಉಂಟು. ಮುದಕಪ್ಪ–ರುಷಪ್ಪ ತೀರ್ಪು, 1994, ಸುಪ್ರೀಂ ಕೋರ್ಟ್. ಗೇಣಿ ಒಬ್ಬನದ್ದಾ, ಕೂಡು ಕುಟುಂಬದ್ದಾ ಅನ್ನುವುದನ್ನೂ ಟ್ರಿಬ್ಯೂನಲ್ಲೇ ಹೇಳಬೇಕು, ಸಿವಿಲ್ ಕೋರ್ಟ್ ಅಲ್ಲ. ನಮ್ಮ ವಕೀಲರು ಅದನ್ನೇ ಹಿಡಿದಿದ್ದಾರೆ.

ಹಳೇ ಕಪ್ಪುಕೋಟು

ಆ ತೀರ್ಪು ಇದೆ, ಅದನ್ನು ತಳ್ಳಿ ಹಾಕಲು ಆಗುವುದಿಲ್ಲ. ಇಡೀ ಜಗಳ ಇರುವುದೇ ಈ ಎರಡು ತೀರ್ಪುಗಳ ನಡುವಿನ ಸಂದಿಯಲ್ಲಿ.

ನಾನು ಅವನ್ನು ಹೀಗೆ ಓದುತ್ತೇನೆ. ಗೇಣಿದಾರ ಯಾರು ಅನ್ನುವುದೇ ಜಗಳ ಆಗಿದ್ದರೆ, ಒಬ್ಬ "ನಾನೊಬ್ಬನೇ" ಅಂತ, ಇನ್ನೊಬ್ಬ "ಕುಟುಂಬ" ಅಂತ ಅರ್ಜಿ ಹಿಡಿದು ನಿಂತಿದ್ದರೆ, ಅದನ್ನು ಬಿಡಿಸುವುದು ಟ್ರಿಬ್ಯೂನಲ್ ಕೆಲಸ. ಸಿವಿಲ್ ಕೋರ್ಟಿಗೆ ಓಡಿ ಬಂದು ಘೋಷಣೆ ಕೇಳುವಂತಿಲ್ಲ. ಹಾಗಲ್ಲದೆ, ಹಿರಿಯ ಮಗ ಅರ್ಜಿ ಹಾಕಿದ, ಬೇರೆ ಯಾರೂ ಎದುರು ಅರ್ಜಿ ಹಾಕಲಿಲ್ಲ, ಕುಟುಂಬದೊಳಗಿನ ಪ್ರಶ್ನೆ ಟ್ರಿಬ್ಯೂನಲ್ ಮುಂದೆ ಬರಲೇ ಇಲ್ಲ, ಆದೇಶದಲ್ಲಿ ಅದರ ಬಗ್ಗೆ ಒಂದು ಸಾಲೂ ಇಲ್ಲ ಅಂದರೆ? ಆಗ ಆ ಹಕ್ಕು ಕುಟುಂಬದ ಪರವಾಗಿ ಸಿಕ್ಕಿದ್ದಾ ಅನ್ನುವುದನ್ನು ಪಾಲಿನ ದಾವೆಯಲ್ಲಿ ಸಾಕ್ಷ್ಯ ನೋಡಿ ತೀರ್ಮಾನಿಸಬಹುದು. ನಮ್ಮ ಹೈಕೋರ್ಟಿನ ಹಲವು ತೀರ್ಪುಗಳು ಈ ದಾರಿಯಲ್ಲೇ ಹೋಗಿವೆ.

ನೀವು ಕಾವಲು ಕಾದದ್ದು ಸುಳ್ಳು ಅಂತ ನಾನು ಹೇಳುತ್ತಿಲ್ಲ. ಅದು ನಿಮ್ಮ ಸಾಕ್ಷ್ಯ. ಅದನ್ನು ಹೇಳಬೇಕಾದ ಜಾಗ ವಿಚಾರಣೆ. ದಾವೆಯೇ ನಡೆಯಬಾರದು ಅನ್ನುವುದಕ್ಕೆ ಅದು ಕಾರಣ ಆಗುವುದಿಲ್ಲ.

ಸುಮ್ನೆ ಓದುವವ

2020ರಲ್ಲಿ ಭೂಸುಧಾರಣೆ ಕಾಯ್ದೆಯನ್ನೇ ತೆಗೆದು ಹಾಕಿದರಲ್ವಾ? ಇನ್ನೂ ಯಾವ 132, 133?

ಹಳೇ ಕಪ್ಪುಕೋಟು

ಇಲ್ಲ. 2020ರಲ್ಲಿ ಹೋದದ್ದು ಮುಖ್ಯವಾಗಿ 79ಎ, 79ಬಿ ತರಹದ್ದು. ಯಾರು ಕೃಷಿ ಜಮೀನು ಕೊಳ್ಳಬಹುದು, ಆದಾಯದ ಮಿತಿ ಎಷ್ಟು ಅನ್ನುವ ಭಾಗ. ಗೇಣಿ, ಟ್ರಿಬ್ಯೂನಲ್, ಸಿವಿಲ್ ಕೋರ್ಟ್ ತಡೆ ಎಲ್ಲ ಹಾಗೆಯೇ ಇದೆ. ಜಮೀನನ್ನು ಗೇಣಿಗೆ ಕೊಡಬಾರದು ಅನ್ನುವ 5ನೇ ಕಲಂ ಕೂಡ ಇದೆ.

ಹಾನಗಲ್ ರೈತ

ಸರ್, ನಮ್ಮದು ಉಲ್ಟಾ ಕೇಸು ರೀ. ನಾವು ಮಾಲೀಕರು. ನಾವು ನಾಲ್ವರು ಅಣ್ಣ ತಮ್ಮಂದಿರು, ಪಾಲಿನ ದಾವೆ ನಡೀತಾ ಇದೆ. ಪ್ರಾಥಮಿಕ ಡಿಕ್ರಿ (ಯಾರಿಗೆ ಎಷ್ಟು ಪಾಲು ಅನ್ನುವ ಮೊದಲ ತೀರ್ಪು) ಆಗುವ ಹೊತ್ತಿಗೆ ಊರಿನವನೊಬ್ಬ ಬಂದು "ನಾನು ಈ ಹೊಲದ ಗೇಣಿದಾರ, ನನ್ನನ್ನೂ ಪಾರ್ಟಿ ಮಾಡಿ, ಕೇಸನ್ನು ಟ್ರಿಬ್ಯೂನಲ್‌ಗೆ ಕಳಿಸಿ" ಅಂತ ಅರ್ಜಿ ಹಾಕಿದ. ಅವನಿಗೆ 1995ರ ಸುಮಾರಿಗೆ ನಮ್ಮ ತಂದೆ ಕೋರಿಗೆ ಕೊಟ್ಟಿದ್ದರು. ಬಂದ ಬೆಳೆಯಲ್ಲಿ ಅರ್ಧ ಅರ್ಧ. ನಮ್ಮ ಮೂರನೇ ತಮ್ಮನೇ ಅವನನ್ನು ಮುಂದೆ ಬಿಟ್ಟಿದ್ದಾನೆ ಅಂತ ನಮಗೆ ಅನುಮಾನ. ಹೀಗೆ ಯಾರು ಬಂದು ಗೇಣಿ ಅಂದರೂ ಕೋರ್ಟ್ ಕೈಕಟ್ಟಿ ಕೂರಬೇಕಾ?

ಹಳೇ ಕಪ್ಪುಕೋಟು

ಬೇಕಿಲ್ಲ. 133ನೇ ಕಲಮಿನ ಬೀಗ ತೆರೆಯುವುದು ಒಂದೇ ತಾರೀಖಿಗೆ: 1974 ಮಾರ್ಚ್ 1ಕ್ಕೆ ಮೊದಲಿನಿಂದ ಗೇಣಿ. 1995ರ ಕೋರು ಅವನೇ ಒಪ್ಪಿದರೆ ಅದು ಟ್ರಿಬ್ಯೂನಲ್‌ಗೆ ಹೋಗುವ ಪ್ರಶ್ನೆಯೇ ಅಲ್ಲ. ಅಂಥ ಗೇಣಿಯನ್ನು ಕಾಯ್ದೆ ಒಪ್ಪುವುದೂ ಇಲ್ಲ. ಆದರೆ ಅರ್ಜಿಯನ್ನು ಸರಿಯಾಗಿ ಓದಿ. ಬುದ್ಧಿವಂತರು "ನಮ್ಮ ತಂದೆ ಕಾಲದಿಂದ" ಅಂತ ಬರೆದಿರುತ್ತಾರೆ, ವರ್ಷ ಹಾಕಿರುವುದಿಲ್ಲ. ಯಾವ ವರ್ಷ, ಎಷ್ಟು ಗೇಣಿ, ಯಾರಿಗೆ ಕೊಟ್ಟದ್ದು ಅನ್ನುವ ವಿವರ ಇಲ್ಲದ ಬರೀ ಮಾತಿಗೆ ರೆಫರೆನ್ಸ್ (ಟ್ರಿಬ್ಯೂನಲ್‌ಗೆ ಕಳಿಸುವುದು) ಮಾಡಬಾರದು ಅಂತ ವಾದಿಸಿ. ಪ್ರಶ್ನೆ ನಿಜವಾಗಿ ಹುಟ್ಟಿರಬೇಕು.

ತಾಲ್ಲೂಕು ಕಚೇರಿ ಹಿಂದಿನ ಬೆಂಚು

ಹಾನಗಲ್‌ನವರಿಗೆ: ನಾಳೆಯೇ ಒಂದು ಕೆಲಸ ಮಾಡಿ. ಆ ಸರ್ವೆ ನಂಬರಿಗೆ ಫಾರಂ 7 ಬಂದಿತ್ತಾ, 7ಎ ಬಂದಿತ್ತಾ ಅಂತ ತಾಲ್ಲೂಕು ಕಚೇರಿಯ ಭೂಸುಧಾರಣೆ ಶಾಖೆಗೆ ಅರ್ಜಿ ಕೊಡಿ. ಬಂದಿಲ್ಲ ಅಂದರೆ ಹಾಗಂತ ಹಿಂಬರಹ (ಕಚೇರಿಯ ಲಿಖಿತ ಉತ್ತರ) ಕೊಡುತ್ತಾರೆ. ಆ ಹಿಂಬರಹವನ್ನು ಕೋರ್ಟಿಗೆ ಹಾಕಿದರೆ ಅರ್ಧ ಕೇಸು ಅಲ್ಲೇ ಸಡಿಲ ಆಗುತ್ತದೆ. ಜೊತೆಗೆ 1968ರಿಂದ 1974ರವರೆಗಿನ ಕೈಬರಹದ ಪಹಣಿ ನಕಲು ತೆಗೆಯಿರಿ. 9ನೇ ಕಾಲಂ ಮಾಲೀಕರದ್ದು. ಉಳುಮೆ ಯಾರದ್ದು, ಸ್ವಂತವಾ ಗೇಣಿಯಾ ಅನ್ನುವುದು 12ನೇ ಕಾಲಮಿನಲ್ಲಿ ಸಿಗುತ್ತದೆ. ಈಗಿನ ಕಂಪ್ಯೂಟರ್ ಆರ್‌ಟಿಸಿ ಹಿಡಿದುಕೊಂಡು ಹೋದರೆ ಪ್ರಯೋಜನ ಇಲ್ಲ. 1974ರ ಪ್ರಶ್ನೆಗೆ 1974ರ ಪಹಣಿಯೇ ಬೇಕು.

ಹಾನಗಲ್ ರೈತ

7ಎ ಅಂದರೆ?

ತಾಲ್ಲೂಕು ಕಚೇರಿ ಹಿಂದಿನ ಬೆಂಚು

1979ರೊಳಗೆ ಫಾರಂ 7 ಹಾಕದೆ ಉಳಿದವರಿಗೆ ಆಮೇಲೆ ಒಂದು ಅವಕಾಶ ಕೊಟ್ಟರು. 1997ರ ತಿದ್ದುಪಡಿ, 77ಎ ಕಲಂ. ಅದಕ್ಕೂ ಶರತ್ತು ಉಂಟು: 1974 ಮಾರ್ಚ್ 1ರ ಮೊದಲೇ ಸ್ವಾಧೀನದಲ್ಲಿದ್ದು ಉಳುತ್ತಿರಬೇಕು, ತಿದ್ದುಪಡಿ ಜಾರಿಯಾಗುವ ಹೊತ್ತಿಗೂ ಉಳುತ್ತಲೇ ಇರಬೇಕು. 1995ರಲ್ಲಿ ಕೋರಿಗೆ ಬಂದವನಿಗೆ ಅದರಿಂದ ಏನೂ ಸಿಗುವುದಿಲ್ಲ.

ಕೊಟ್ಟಿಗೆಮನೆ

ಎಲ್ಲರಿಗೂ ಥ್ಯಾಂಕ್ಸ್. ಎರಡು ವಿಷಯ ಕೇಳುವುದಿತ್ತು. ಒಂದು, ದೊಡ್ಡಪ್ಪನ ಮಗ ಇನ್ನೊಂದು ವಾದ ಸೇರಿಸಿದ್ದಾನೆ. "ಅಜ್ಜನ ಗೇಣಿ ಅಜ್ಜನ ಜೊತೆ ಹೋಯಿತು. 1971ರ ನಂತರ ಧಣಿಗಳು ನಮ್ಮ ಅಪ್ಪನಿಗೆ ಹೊಸದಾಗಿ ಗೇಣಿಗೆ ಕೊಟ್ಟರು. ಚೀಟಿ ಅವರ ಹೆಸರಿನಲ್ಲೇ ಉಂಟು" ಅಂತ. ಎರಡು, ಅತ್ತೆಗೆ 1968ರಲ್ಲೇ ಮದುವೆ ಆಗಿದೆ. ಅವರಿಗೆ ಪಾಲಿಲ್ಲ ಅಂತಾರೆ.

ಹಳೇ ಕಪ್ಪುಕೋಟು

ಮೊದಲನೆಯದಕ್ಕೆ 24ನೇ ಕಲಂ ಓದಿ. ಗೇಣಿದಾರ ಸತ್ತರೆ ಧಣಿ ಅದೇ ಶರತ್ತಿನ ಮೇಲೆ ಅವನ ವಾರಸುದಾರರಿಗೆ ಗೇಣಿ ಮುಂದುವರಿಸಿದ ಹಾಗೆ ಲೆಕ್ಕ. ಮೂಲ ಕಾಯ್ದೆ 1965 ಅಕ್ಟೋಬರ್ 2ರಿಂದ ಜಾರಿಯಲ್ಲಿತ್ತು, ನಿಮ್ಮ ಅಜ್ಜ ಹೋದದ್ದು 1971ರಲ್ಲಿ. ಹಾಗಾಗಿ ಅಜ್ಜ ಹೋದ ದಿನವೇ ಗೇಣಿ ಎಲ್ಲ ವಾರಸುದಾರರ ಕೈಗೆ ಬಂತು. ಆಮೇಲೆ ಚೀಟಿಯಲ್ಲಿ ಹಿರಿಯ ಮಗನ ಹೆಸರು ಬರೆದದ್ದು ಎಲ್ಲ ಕಡೆ ಇದ್ದ ರೂಢಿ. ಧಣಿಯ ಉಗ್ರಾಣಿ ಐದು ಜನರ ಹೆಸರು ಬರೆಯುತ್ತಾ ಕೂರುತ್ತಾನಾ? ಹೊಸ ಗೇಣಿ ಅಂತಾದರೆ ಹಳೆಯದನ್ನು ಎಲ್ಲ ವಾರಸುದಾರರೂ ಬಿಟ್ಟುಕೊಟ್ಟದ್ದಕ್ಕೆ ಕಾಗದ ತೋರಿಸಲಿ. ಗೇಣಿಯ ಪ್ರಮಾಣ ಬದಲಾಗಿದೆಯಾ ನೋಡಿ. ಅಜ್ಜನ ಕಾಲದಷ್ಟೇ ಮುಡಿ ಅಕ್ಕಿ ಮುಂದುವರಿದಿದ್ದರೆ ಅದು ಹಳೇ ಗೇಣಿಯೇ ಅನ್ನುವುದಕ್ಕೆ ಒಳ್ಳೆಯ ಸಾಕ್ಷ್ಯ.

ಎರಡನೆಯದು ಸ್ವಲ್ಪ ಕಷ್ಟದ್ದು. ಅಜ್ಜನ ಸ್ವಂತ ಹಕ್ಕು ಅಂತ ನೋಡಿದರೆ 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯಲ್ಲಿ ಮಗಳೂ ಮೊದಲ ವರ್ಗದ ವಾರಸುದಾರಳೇ. ಮದುವೆ ಆಗಿದೆಯಾ ಇಲ್ಲವಾ ಅನ್ನುವ ಪ್ರಶ್ನೆ ಬರುವುದಿಲ್ಲ. ಆದರೆ ಆಗ ಅದರಲ್ಲಿ 4ನೇ ಕಲಮಿನ ಎರಡನೇ ಉಪಕಲಂ ಇತ್ತು. ಗೇಣಿ ಹಕ್ಕು ಯಾರಿಗೆ ಇಳಿಯಬೇಕು ಅಂತ ರಾಜ್ಯದ ಕಾನೂನು ಹೇಳಿದ್ದರೆ ಅದಕ್ಕೆ ಈ ಕಾಯ್ದೆ ಅಡ್ಡ ಬರುವುದಿಲ್ಲ ಅಂತ. 2005ರಲ್ಲಿ ಅದನ್ನು ತೆಗೆದರು. ನಿಮ್ಮ ಎದುರು ಕಡೆಯವರು ಆ ಹಳೆಯ ಉಪಕಲಮನ್ನೂ ಭೂಸುಧಾರಣೆ ಕಾಯ್ದೆಯ "ಕುಟುಂಬ" ವ್ಯಾಖ್ಯೆಯನ್ನೂ ಜೋಡಿಸಿ, ಮದುವೆಯಾದ ಮಗಳು ಹೊರಗೆ ಅಂತ ವಾದಿಸುತ್ತಾರೆ. ನಿಮ್ಮ ಉತ್ತರ: 24ನೇ ಕಲಂ "ವಾರಸುದಾರರು" ಅಂತ ಮಾತ್ರ ಹೇಳುತ್ತದೆ, ಬೇರೆ ಸರದಿ ಹೇಳಿಲ್ಲ, ಆದ್ದರಿಂದ ವೈಯಕ್ತಿಕ ಕಾನೂನೇ ಅನ್ವಯ. ಹೈಕೋರ್ಟಿನಲ್ಲಿ ಇದರ ಬಗ್ಗೆ ಒಂದೇ ಅಭಿಪ್ರಾಯ ಬಂದಿಲ್ಲ. ನಿಮ್ಮ ವಕೀಲರಿಗೆ ಇದರ ಮೇಲೆ ಜಾಸ್ತಿ ಕೆಲಸ ಮಾಡಲು ಹೇಳಿ. ಅಧಿಕಾರವ್ಯಾಪ್ತಿಯ ಅರ್ಜಿಗಿಂತ ಈ ವಾದವೇ ನಿಮಗೆ ದೊಡ್ಡ ತಲೆನೋವು.

ಅತ್ತಿಗೆ ಬರೆದದ್ದು

ಪ್ರೀಮಿಯಂ ಕಟ್ಟುವಾಗ ತಂಗಿಯ ಬಳೆ ಅಡವಿಟ್ಟವರೂ ಇದ್ದಾರೆ. ಪಾಲಿನ ಮಾತು ಬಂದಾಗ ಅವಳು ಹೊರಗಿನವಳು. ನಮ್ಮ ಮನೆಯಲ್ಲೇ ನೋಡಿದ್ದು. 2020ರ ವಿನೀತಾ ಶರ್ಮಾ ತೀರ್ಪು ಬಂದ ಮೇಲೂ ಹೀಗೇ ವಾದಿಸ್ತಾರಾ?

ಹಳೇ ಕಪ್ಪುಕೋಟು

ವಾದಿಸುತ್ತಾರೆ. ಆ ತೀರ್ಪು ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳು ಹುಟ್ಟಿನಿಂದಲೇ ಪಾಲುದಾರಳು ಅಂತ ಹೇಳಿತು, 2005ರಲ್ಲಿ ತಂದೆ ಬದುಕಿರಬೇಕು ಅಂತೇನೂ ಇಲ್ಲ ಅಂತಲೂ ಹೇಳಿತು. ಗೇಣಿಯಿಂದ ಬಂದ ಹಕ್ಕು ಆ ತರಹದ ಆಸ್ತಿಯಾ ಅನ್ನುವುದನ್ನು ಮೊದಲು ದಾಟಬೇಕು. ಆದರೂ ನಿಮ್ಮ ಸಿಟ್ಟು ನ್ಯಾಯವಾದದ್ದೇ.

ಮಂಜೇಶ್ವರದಿಂದ

ನಮ್ಮದು ಕಾಸರಗೋಡು ಜಿಲ್ಲೆ, ಕನ್ನಡ ಮನೆ, ಕೇರಳದ ಕಾನೂನು. ಹೋಲಿಸಿ ನೋಡಲಿಕ್ಕೆ ಬರೆಯುತ್ತಿದ್ದೇನೆ. ಇಲ್ಲಿ 1963ರ ಕೇರಳ ಭೂಸುಧಾರಣೆ ಕಾಯ್ದೆ, ಗೇಣಿ ಜಮೀನು ಸರ್ಕಾರಕ್ಕೆ ಸೇರಿದ ದಿನ 1970 ಜನವರಿ 1. 125ನೇ ಕಲಂ ನಿಮ್ಮ 133ರ ಹಾಗೆಯೇ: ಗೇಣಿ ಪ್ರಶ್ನೆ ಎದ್ದರೆ ದಾವೆ ನಿಲ್ಲಿಸಿ ಲ್ಯಾಂಡ್ ಟ್ರಿಬ್ಯೂನಲ್‌ಗೆ ಕಳಿಸಬೇಕು. ಆದರೆ ಉತ್ತರ ಬಂದ ಮೇಲೆ ವ್ಯತ್ಯಾಸ ಉಂಟು. ಮೇಲ್ಮನವಿಯ ಮಟ್ಟಿಗೆ ಅದು ಸಿವಿಲ್ ಕೋರ್ಟೇ ಕೊಟ್ಟ ತೀರ್ಮಾನ ಅಂತ ಲೆಕ್ಕ. ಡಿಕ್ರಿಯ ಮೇಲೆ ಅಪೀಲು ಹೋದಾಗ ಗೇಣಿಯ ತೀರ್ಮಾನವನ್ನೂ ಅಲ್ಲೇ ಪ್ರಶ್ನಿಸಬಹುದು. ನಿಮ್ಮಲ್ಲಿ ಹೇಗೆ?

ಹಳೇ ಕಪ್ಪುಕೋಟು

ನಮ್ಮಲ್ಲಿ ರೆಫರೆನ್ಸಿಗೆ ಟ್ರಿಬ್ಯೂನಲ್ ಕೊಟ್ಟ ತೀರ್ಮಾನವೇ ಅಂತಿಮ. ಅದು ಸರಿಯಿಲ್ಲ ಅಂದರೆ ಹೈಕೋರ್ಟಿಗೆ ರಿಟ್. 1980ರ ದಶಕದ ಕೊನೆಗೆ ಸ್ವಲ್ಪ ಕಾಲ ಮೇಲ್ಮನವಿ ಪ್ರಾಧಿಕಾರ ಅಂತ ಮಾಡಿದ್ದರು, ಆಮೇಲೆ ಅದನ್ನು ರದ್ದು ಮಾಡಿದರು. ಹೀಗಾಗಿ ಒಂದೇ ಜಮೀನಿನ ಮೇಲೆ ತಾಲ್ಲೂಕಿನಲ್ಲಿ ದಾವೆ, ಎ.ಸಿ. ಮುಂದೆ ರೆಫರೆನ್ಸ್, ಬೆಂಗಳೂರಲ್ಲೋ ಧಾರವಾಡದಲ್ಲೋ ರಿಟ್, ಮೂರೂ ಒಟ್ಟಿಗೆ ಓಡುತ್ತಿರುತ್ತವೆ. ನಿಮ್ಮ ಕೇರಳದ ಏರ್ಪಾಡು ಇದಕ್ಕಿಂತ ಎಷ್ಟೋ ವಾಸಿ.

ಇನ್ನೊಂದು ಹಳೇ ಸಂಗತಿ ಹೇಳಬೇಕು. ಮೊದಲಿನ ವರ್ಷಗಳಲ್ಲಿ ಟ್ರಿಬ್ಯೂನಲ್ ಮುಂದೆ ವಕೀಲರು ಬರುವಂತೆಯೇ ಇರಲಿಲ್ಲ. 48ನೇ ಕಲಮಿನ 8ನೇ ಉಪಕಲಂ ಅದನ್ನು ತಡೆದಿತ್ತು. ಬಡ ಒಕ್ಕಲಿನ ಎದುರು ಧಣಿ ದೊಡ್ಡ ವಕೀಲರನ್ನು ತಂದು ನಿಲ್ಲಿಸಬಾರದು ಅನ್ನುವ ಉದ್ದೇಶ, ತಪ್ಪೇನಲ್ಲ. 1987ರಲ್ಲಿ ಸುಪ್ರೀಂ ಕೋರ್ಟ್ ಕಾಯ್ದೆಯನ್ನು ಎತ್ತಿಹಿಡಿದು, ವಕೀಲರನ್ನು ತಡೆಯುವ ಆ ಭಾಗವನ್ನು ಮಾತ್ರ ಹೊಡೆದು ಹಾಕಿತು. 1970ರ ದಶಕದ ಎಷ್ಟೋ ಆದೇಶಗಳು ಅರ್ಧ ಪುಟದವು. "ಅರ್ಜಿದಾರ ಉಳುತ್ತಿದ್ದಾರೆ, ಎದುರುದಾರರ ತಕರಾರಿಲ್ಲ, ಹಕ್ಕು ಕೊಡಲಾಗಿದೆ." ಧಣಿ ಮತ್ತು ಒಕ್ಕಲಿನ ಜಗಳಕ್ಕೆ ಅಷ್ಟು ಸಾಕಿತ್ತು. ಒಕ್ಕಲಿನ ಮನೆಯೊಳಗೆ ಯಾರು ಯಾರಿಗೆ ಎಷ್ಟು ಅನ್ನುವುದನ್ನು ಆಗ ಯಾರೂ ಕೇಳಲಿಲ್ಲ. ಕೇಳುವ ಪುರುಸೊತ್ತೂ ಇರಲಿಲ್ಲ, ರಾಜ್ಯದಲ್ಲಿ ಲಕ್ಷಗಟ್ಟಲೆ ಅರ್ಜಿ ಕೂತಿದ್ದವು. ಆಗ ಕೇಳದೆ ಬಿಟ್ಟ ಪ್ರಶ್ನೆ ಈಗ ಮೊಮ್ಮಕ್ಕಳ ದಾವೆಯಾಗಿ ಸಿವಿಲ್ ಕೋರ್ಟಿಗೆ ಬರುತ್ತಿದೆ.

ದೊಡ್ಡಪ್ಪನ ಕಡೆಯವ

ಅದು ಒಪ್ಪುತ್ತೇನೆ. ಆದರೆ ಒಂದು ಕೇಳುತ್ತೇನೆ. ನಮ್ಮ ಚಿಕ್ಕಪ್ಪ ದಾವೆಯಲ್ಲಿ "ಟ್ರಿಬ್ಯೂನಲ್ ಆದೇಶ ಮೋಸದಿಂದ ಪಡೆದದ್ದು, ಅದನ್ನು ರದ್ದು ಮಾಡಿ" ಅಂತ ಕೇಳಿದ್ದಾರೆ. ಅದೂ ನಡೆಯುತ್ತದಾ?

ಹಳೇ ಕಪ್ಪುಕೋಟು

ನಿಮ್ಮ ಚಿಕ್ಕಪ್ಪನ ವಕೀಲರು ನಿಮಗೆ ಉಪಕಾರ ಮಾಡಿದ್ದಾರೆ! ಆದೇಶ ರದ್ದು ಮಾಡಿ ಅಂದ ಕೂಡಲೇ 132 ಬಂದು ಎದುರು ನಿಲ್ಲುತ್ತದೆ.

ಕೊಟ್ಟಿಗೆಮನೆಯವರೇ, ಇದು ನಿಮಗೂ. ನಿಮ್ಮ ದಾವೆ ಅರ್ಜಿಯನ್ನು ತೆಗೆದು ಓದಿ. "ಟ್ರಿಬ್ಯೂನಲ್ ಆದೇಶ ಸರಿ, ಆದರೆ ಅದು ಅಜ್ಜನಿಂದ ಬಂದ ಗೇಣಿ, ಹಿರಿಯ ಮಗ ಕುಟುಂಬದ ಪರವಾಗಿ ಅರ್ಜಿ ಹಾಕಿದ್ದು, ಹಕ್ಕು ಎಲ್ಲರಿಗೂ ಸೇರಿದ್ದು, ನಮ್ಮ ಪಾಲು ಕೊಡಿಸಿ" ಅಂತ ಇರಬೇಕು. ಆದೇಶವನ್ನು ಒಪ್ಪಿಕೊಂಡು ಅದರೊಳಗೆ ನಿಮ್ಮ ಪಾಲು ಕೇಳಿ. ದಾವೆಯನ್ನು ಆರಂಭದಲ್ಲೇ ತಿರಸ್ಕರಿಸುವ ಅರ್ಜಿಯಲ್ಲಿ ಕೋರ್ಟ್ ನೋಡುವುದು ನಿಮ್ಮ ದಾವೆ ಅರ್ಜಿಯನ್ನು, ಅವರ ತಕರಾರನ್ನಲ್ಲ. ಅದು ಈ ತರಹ ಇದ್ದರೆ ಆ ಹಂತದಲ್ಲಿ ಬೀಳುವುದು ಕಷ್ಟ.

ನೇತ್ರಾವತಿ ದಡ

ಇದರ ಜೊತೆ ಇನ್ನೊಂದು. ಕೆಲವರು ಇನ್ನೂ ಮುಂದೆ ಹೋಗಿ "ನಾನು ಕುಟುಂಬದ ಜಮೀನಿಗೆ ಗೇಣಿದಾರ" ಅಂತ ಅಣ್ಣ ತಮ್ಮಂದಿರ ಮೇಲೆಯೇ ಗೇಣಿ ಹೇಳುತ್ತಾರೆ. ನಮ್ಮ ಊರಲ್ಲೊಬ್ಬರು ಹಾಗೆ ಮಾಡಿದ್ದರು. ಮೂಲ ವರ್ಗದ ಜಾಗ, ಸ್ವಂತ ಅಪ್ಪನದ್ದು. "ಅಪ್ಪನಿಂದ ನಾನು ಗೇಣಿಗೆ ಮಾಡುತ್ತಿದ್ದೆ" ಅಂತ ತಕರಾರು.

ಹಳೇ ಕಪ್ಪುಕೋಟು

ಅದಕ್ಕೆ ಭೂಸುಧಾರಣೆ ಕಾಯ್ದೆಯ 4ನೇ ಕಲಂ ಇದೆ. ಬೇರೆಯವರ ಜಮೀನನ್ನು ಕಾನೂನುಬದ್ಧವಾಗಿ ಉಳುವವನನ್ನು ಗೇಣಿದಾರ ಅಂತ ಭಾವಿಸಬೇಕು ಅನ್ನುವುದು ನಿಯಮ. ಮಾಲೀಕನ ಕುಟುಂಬದವನು, ಕೂಲಿ ಆಳು, ಸ್ವಾಧೀನ ಅಡಮಾನ ಹಿಡಿದವನು, ಈ ಮೂವರಿಗೆ ಅದು ಇಲ್ಲ. ಅಪ್ಪನ ಗದ್ದೆ ಉಳುವ ಮಗನಿಗೆ ಈ ಕಲಂ ಗೇಣಿದಾರನ ಪಟ್ಟ ಕೊಡುವುದಿಲ್ಲ.

ಹಾನಗಲ್ ರೈತ

ನಮ್ಮಲ್ಲಿ ಪ್ರಾಥಮಿಕ ಡಿಕ್ರಿ ಆದ ಮೇಲೆ ಏನಾಗುತ್ತೆ? ಕೋರ್ಟೇ ಹೊಲ ಅಳೆದು ಕೊಡುತ್ತಾ?

ತಾಲ್ಲೂಕು ಕಚೇರಿ ಹಿಂದಿನ ಬೆಂಚು

ಇದು ನಮ್ಮ ಟೇಬಲ್ಲಿಗೆ ಬರುವ ವಿಷಯ. ಕಂದಾಯ ಕಟ್ಟುವ ಜಮೀನಾದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 54ನೇ ಕಲಂ. ಯಾರಿಗೆ ಎಷ್ಟು ಪಾಲು ಅಂತ ಹೇಳುವುದು ಕೋರ್ಟ್. ನೆಲದ ಮೇಲೆ ಕತ್ತರಿಸಿ ಕೊಡುವುದು ಡಿ.ಸಿ. ಅಥವಾ ಅವರ ಕೈಕೆಳಗಿನ ಅಧಿಕಾರಿ. ಡಿಕ್ರಿ ಡಿ.ಸಿ. ಕಚೇರಿಗೆ ಬರುತ್ತದೆ, ಅಲ್ಲಿಂದ ತಹಶೀಲ್ದಾರ್, ಅಲ್ಲಿಂದ ಸರ್ವೆ. ಸರ್ವೆಯರ್ ಬಂದು ನಕ್ಷೆ ಮಾಡುತ್ತಾರೆ, ಹಿಸ್ಸೆ ಬೀಳುತ್ತದೆ, ಪೋಡಿ (ಸರ್ವೆ ನಂಬರನ್ನು ಒಡೆದು ಬೇರೆ ಬೇರೆ ಮಾಡುವುದು) ಆಗುತ್ತದೆ. ಹೊಲದಲ್ಲಿರುವ ಮನೆ, ಊರೊಳಗಿನ ಸೈಟು ಇದಕ್ಕೆ ಬರುವುದಿಲ್ಲ. ಅದಕ್ಕೆ ಕೋರ್ಟ್ ಕಮಿಷನರನ್ನು ನೇಮಿಸುತ್ತದೆ. ಒಂದು ಸಲಹೆ: ಅಳತೆಯ ದಿನ ನಾಲ್ವರೂ ಸ್ಥಳದಲ್ಲಿರಿ. ಬಾವಿ, ಕಾಲುದಾರಿ, ಬಂಡಿ ದಾರಿ ಎಲ್ಲಿ ಅಂತ ಆವತ್ತೇ ಹೇಳಿ ಬರೆಸಿ. ದಾರಿ ಬರೆಸದೆ ಪೋಡಿ ಮಾಡಿಸಿಕೊಂಡವರು ಮತ್ತೆ ಕೋರ್ಟಿಗೆ ಹೋಗುವುದನ್ನು ನೋಡುತ್ತಲೇ ಇದ್ದೇನೆ.

ಸುಮ್ನೆ ಓದುವವ

ದಾವೆ ಶುಲ್ಕ ಜಮೀನಿನ ಬೆಲೆಯ ಮೇಲಾ? ಈಗಿನ ರೇಟಿಗೆ ಅದೇ ಲಕ್ಷ ಆಗುತ್ತಲ್ಲ.

ಹಳೇ ಕಪ್ಪುಕೋಟು

ಜಂಟಿ ಸ್ವಾಧೀನದಲ್ಲಿ ಇದ್ದೇವೆ ಅಂತಾದರೆ ಕೋರ್ಟ್ ಶುಲ್ಕ ಕಾಯ್ದೆಯ 35ನೇ ಕಲಮಿನ ಎರಡನೇ ಭಾಗ, ಶುಲ್ಕ ಜಾಸ್ತಿ ಅಂದರೆ 200 ರೂಪಾಯಿ. ನಮ್ಮನ್ನು ಹೊರಗೆ ಹಾಕಿದ್ದಾರೆ ಅಂತ ನೀವೇ ಬರೆದುಕೊಂಡರೆ ಪಾಲಿನ ಮಾರುಕಟ್ಟೆ ಬೆಲೆಯ ಮೇಲೆ. ಸಿಟ್ಟಿನಲ್ಲಿ "ನಮ್ಮನ್ನು ಇಪ್ಪತ್ತು ವರ್ಷದಿಂದ ಜಾಗಕ್ಕೆ ಕಾಲಿಡಲು ಬಿಟ್ಟಿಲ್ಲ" ಅಂತ ಬರೆಸುವವರು ಶುಲ್ಕವನ್ನೂ ಹೆಚ್ಚಿಸಿಕೊಳ್ಳುತ್ತಾರೆ, ಕಾಲಮಿತಿಯ ಪ್ರಶ್ನೆಯನ್ನೂ ಎಳೆದುಕೊಳ್ಳುತ್ತಾರೆ. ಕುಟುಂಬದ ಆಸ್ತಿಯಿಂದ ಹೊರಗಿಟ್ಟದ್ದು ಗೊತ್ತಾದ ಮೇಲೆ 12 ವರ್ಷ ಅನ್ನುವ ಲೆಕ್ಕ ಇದೆ. ಸುಳ್ಳು ಬರೆಯಿರಿ ಅಂತ ನಾನು ಹೇಳುತ್ತಿಲ್ಲ. ಇದ್ದದ್ದನ್ನು ಇದ್ದಷ್ಟೇ ಬರೆಯಿರಿ.

ಕೊಟ್ಟಿಗೆಮನೆ

ಅಮ್ಮ ಈಗಲೂ ಆ ಜಾಗದ ಒಂದು ಬದಿಯ ಹಳೇ ಮನೆಯಲ್ಲೇ ಇದ್ದಾರೆ. ಎದುರಿನ ತೆಂಗಿನ ಮರಗಳ ಕಾಯಿ ನಾವೇ ಕೊಯ್ಯುವುದು. ಅದು ದಾವೆಯಲ್ಲಿ ಉಂಟು. ಇನ್ನೊಂದು: ತೋಟದ ಮೇಲಿನ ಭಾಗ ಮಾರಲಿಕ್ಕೆ ದೊಡ್ಡಪ್ಪನ ಮಗ ಗಿರಾಕಿ ತೋರಿಸುತ್ತಿದ್ದಾನೆ ಅಂತ ಸುದ್ದಿ. ಟ್ರಿಬ್ಯೂನಲ್ ಜಾಗ ಮಾರುವ ಹಾಗಿಲ್ಲ ಅಲ್ವಾ?

ಹಳೇ ಕಪ್ಪುಕೋಟು

ಆ ನಿಷೇಧ 15 ವರ್ಷದ್ದು, ಭೂಸುಧಾರಣೆ ಕಾಯ್ದೆಯ 61ನೇ ಕಲಂ. ನಿಮ್ಮದರಲ್ಲಿ ಯಾವತ್ತೋ ಮುಗಿದಿದೆ. ಅದನ್ನು ನಂಬಿ ಕೂರಬೇಡಿ. ಅದೇ ಕಲಂ ಆ 15 ವರ್ಷದೊಳಗೂ ಕುಟುಂಬದವರ ನಡುವೆ ಪಾಲು ಮಾಡಿಕೊಳ್ಳಲು ಬಿಡುತ್ತದೆ. ಟ್ರಿಬ್ಯೂನಲ್ ಕೊಟ್ಟ ಜಮೀನು ಪಾಲಾಗುವುದೇ ಇಲ್ಲ ಅನ್ನುವವರಿಗೆ ಇದನ್ನು ತೋರಿಸಿ.

ಮಾರಾಟಕ್ಕೆ ತಡೆ ಬೇಕಾದರೆ ತಾತ್ಕಾಲಿಕ ಪ್ರತಿಬಂಧಕಾಜ್ಞೆಗೆ ಅರ್ಜಿ ಹಾಕಿ. ದಾವೆ ಬಾಕಿ ಇರುವಾಗ ಕೊಂಡವನು ದಾವೆಯ ಫಲಕ್ಕೆ ಬದ್ಧ ಅಂತ ಆಸ್ತಿ ವರ್ಗಾವಣೆ ಕಾಯ್ದೆಯ 52ನೇ ಕಲಂ ಹೇಳುತ್ತದೆ ನಿಜ. ಆದರೂ ಇನ್ನೊಬ್ಬ ಪಾರ್ಟಿ ಸೇರಿಕೊಂಡು ಕೇಸು ಉದ್ದ ಆಗುವುದು ಯಾಕೆ? ಇಲ್ಲಿ ಎದುರು ಕಡೆಯವರ ಒಂದು ಲೆಕ್ಕಾಚಾರವನ್ನೂ ತಿಳಿದಿರಿ. ಪ್ರಶ್ನೆ 133ರ ಪ್ರಕಾರ ಟ್ರಿಬ್ಯೂನಲ್‌ಗೆ ಹೋದರೆ ಆ ಜಮೀನಿನ ಮೇಲಿನ ಮಧ್ಯಂತರ ಆದೇಶಗಳು ಬಿದ್ದುಹೋಗುತ್ತವೆ ಅಂತ ಅದೇ ಕಲಮಿನಲ್ಲಿದೆ. ಕೆಲವರು ರೆಫರೆನ್ಸ್ ಕೇಳುವುದು ಗೇಣಿಗಾಗಿ ಅಲ್ಲ, ಪ್ರತಿಬಂಧಕಾಜ್ಞೆ ಬೀಳಿಸಲಿಕ್ಕೆ. ನಿಮ್ಮ ಕೇಸಿನಲ್ಲಿ ಗೇಣಿದಾರ ಯಾರು ಅಂತ ಟ್ರಿಬ್ಯೂನಲ್ 1979ರಲ್ಲೇ ಹೇಳಿ ಮುಗಿಸಿದೆ, ಮತ್ತೆ ಕಳಿಸುವಂಥದ್ದು ಏನೂ ಉಳಿದಿಲ್ಲ ಅಂತ ಗಟ್ಟಿಯಾಗಿ ಹೇಳಿ.

ತಾಲ್ಲೂಕು ಕಚೇರಿ ಹಿಂದಿನ ಬೆಂಚು

ಪುತ್ತೂರಿನವರು ಆದೇಶದ ನಕಲು ಮಾತ್ರ ತೆಗೆದರೆ ಸಾಲದು. ಇಡೀ ಕಡತದ ದೃಢೀಕೃತ ನಕಲು ಕೇಳಿ. ಫಾರಂ 7, ನಿಮ್ಮ ದೊಡ್ಡಪ್ಪ ಕೊಟ್ಟ ಹೇಳಿಕೆ, ಧಣಿಗಳ ಹೇಳಿಕೆ, ಸ್ಥಳ ತನಿಖೆ ವರದಿ. ನಾನು ನೋಡಿದ ಎಷ್ಟೋ ಹೇಳಿಕೆಗಳಲ್ಲಿ "ನನ್ನ ತಂದೆಯ ಕಾಲದಿಂದ ನಾವು ಗೇಣಿಗೆ ಮಾಡುತ್ತಾ ಬಂದಿದ್ದೇವೆ" ಅಂತ ಇರುತ್ತದೆ. ಆಗ ಗೇಣಿ ಹಳೆಯದು ಅಂತ ತೋರಿಸಲು ಹಾಗೆ ಹೇಳಲೇಬೇಕಿತ್ತು. ಆ ಒಂದು ಸಾಲು ಸಿಕ್ಕಿದರೆ "ಹೊಸ ಗೇಣಿ" ವಾದಕ್ಕೆ ಅವರಪ್ಪನದ್ದೇ ಉತ್ತರ ಸಿಕ್ಕಿದ ಹಾಗೆ.

ಕೊಟ್ಟಿಗೆಮನೆ

ನಕಲಿಗೆ ಅರ್ಜಿ ಕೊಟ್ಟು ಬಂದೆ. ಕಡತ ರೆಕಾರ್ಡ್ ರೂಮಿನಲ್ಲಿ ಹುಡುಕಬೇಕು ಅಂದರು. ಸರ್ವೆ ನಂಬರ್ ಜೊತೆ ಟ್ರಿಬ್ಯೂನಲ್ ಕೇಸ್ ನಂಬರ್ ಇದ್ದರೆ ಬೇಗ ಸಿಗುತ್ತದಂತೆ. ಅದು ಎಲ್ಲಿ ಸಿಗುತ್ತದೆ?

ತಾಲ್ಲೂಕು ಕಚೇರಿ ಹಿಂದಿನ ಬೆಂಚು

ಫಾರಂ 10ರಲ್ಲಿ ನೋಡಿ. ಅದು ನಿಮ್ಮ ಹತ್ತಿರ ಇಲ್ಲದಿದ್ದರೆ ಟ್ರಿಬ್ಯೂನಲ್ ಆದೇಶದ ಮೇಲೆ ಖಾತೆ ಬದಲಾದ ಮ್ಯುಟೇಶನ್ ನಕಲು ತೆಗೆಯಿರಿ. ಆದೇಶದ ನಂಬರು, ತಾರೀಖು ಅದರಲ್ಲಿ ಬರೆದಿರುತ್ತಾರೆ.